ನಿದ್ದೆ ಬಾರದ ಪಾದ್ರಿ, ಮಲಗಿಸಲು ಬಂದ ಕರಡಿ

ಮಕ್ಕಳ ಕಣ್ಣು ಎಳೆಯತೊಡಗಿದರೆ ಫ್ರಾನ್ಸಿನ ಮನೆಗಳಲ್ಲಿ ‘ಮರಳು ಮಾರುವವನು ಬಂದು ಹೋದ’ ಎನ್ನುತ್ತಾರೆ. ರಾತ್ರಿ ಸದ್ದಿಲ್ಲದೆ ಬಂದು ಮಕ್ಕಳ ರೆಪ್ಪೆಗಳ ಮೇಲೆ ನವಿರಾದ ಮರಳು ಉದುರಿಸಿ ಹೋಗುವ ಒಬ್ಬಾತನ ಕತೆ ಯುರೋಪಿನಲ್ಲಿ ಬಹಳ ಹಳೆಯದು. 1962ರ ಡಿಸೆಂಬರ್‌ನಲ್ಲಿ ಆತ ಟೆಲಿವಿಷನ್ನಿಗೆ ಬಂದ. ಮೋಡದ ಮೇಲೆ ಕೂತು ಊರಿನ ಮೇಲೆ ತೇಲಿಬರುತ್ತಿದ್ದ. ಜೊತೆಗೊಂದು ದೊಡ್ಡ ಕರಡಿ. ಮೋಡದಿಂದ ಏಣಿ ಇಳಿಯುತ್ತಿತ್ತು. ಕರಡಿ ಅದನ್ನು ಹಿಡಿದು ನಿಕೊಲಾ, ಪೆಂಪ್ರನೆಲ್ ಎಂಬಿಬ್ಬರು ಮಕ್ಕಳ ಕೋಣೆಗೆ ಇಳಿದು, ಇವತ್ತು ಏನಾಯಿತು, ಯಾಕೆ ಜಗಳವಾಡಿದಿರಿ ಎಂದು ಎರಡು ಮಾತು ವಿಚಾರಿಸಿ, ಮಲಗಲು ಹೇಳಿ, ಬಂದ ದಾರಿಯಲ್ಲೇ ಮೇಲೆ ಹೋಗುತ್ತಿತ್ತು. ಆಮೇಲೆ ಊರಿನ ಮೇಲೆಲ್ಲ ಹೊಳೆಯುವ ಮರಳು. ಇಷ್ಟೇ. ಕೆಲವೇ ನಿಮಿಷಗಳ ಬೊಂಬೆಯಾಟ.

ಆಗ ಫ್ರಾನ್ಸಿನಲ್ಲಿ ಇದ್ದದ್ದು ಒಂದೇ ಚಾನೆಲ್. ಎರಡನೆಯದು ಬಂದದ್ದು 1964ರಲ್ಲಿ. ಹಾಗಾಗಿ ಟಿ.ವಿ. ಇದ್ದ ಮನೆಗಳ ಮಕ್ಕಳೆಲ್ಲ ಒಂದೇ ಹೊತ್ತಿಗೆ ಒಂದೇ ಕರಡಿಯಿಂದ ಶುಭರಾತ್ರಿ ಹೇಳಿಸಿಕೊಂಡು ಹಾಸಿಗೆ ಸೇರುತ್ತಿದ್ದರು. ಕರಡಿ ಬಂದ 1962 ಅಲ್ಜೀರಿಯಾದ ಯುದ್ಧ ಮುಗಿದ ವರ್ಷ. ಮಕ್ಕಳು ಮಲಗಿದ ಮೇಲೆ ದೊಡ್ಡವರು ರಾತ್ರಿಯ ಸುದ್ದಿಗೆ ಕೂರುತ್ತಿದ್ದರು. ಕಾರ್ಯಕ್ರಮದ ಹೆಸರು ‘ಬೊನ್ ನುಯಿ ಲೆ ಪೆತಿ’, ಅಂದರೆ ‘ಪುಟಾಣಿಗಳೇ, ಶುಭರಾತ್ರಿ’. ಕರಡಿಯ ಹೆಸರು ನೂನೂರ್ಸ್. ಇದನ್ನೆಲ್ಲ ಹುಟ್ಟುಹಾಕಿದವರು ಕ್ಲೋದ್ ಲೇದು ಎಂಬ ನಟ.

ನನ್ನನ್ನು ಬಹುಕಾಲದಿಂದ ಬೆರಗಿನಲ್ಲಿಟ್ಟಿರುವುದು ಆ ನಟನ ಬದುಕು. ಕರಡಿ ಬರುವುದಕ್ಕೆ ಹನ್ನೊಂದು ವರ್ಷ ಮೊದಲು, 1951ರಲ್ಲಿ, ಇದೇ ಕ್ಲೋದ್ ಲೇದು ಜಗತ್ತಿನ ಸಿನಿಮಾ ಕಂಡ ಅತ್ಯಂತ ನೋವಿನ ಮುಖವೊಂದಕ್ಕೆ ಒಡೆಯರಾಗಿದ್ದರು. ರೊಬೇರ್ ಬ್ರೆಸೊನ್ ನಿರ್ದೇಶಿಸಿದ ‘ಹಳ್ಳಿಯ ಪಾದ್ರಿಯೊಬ್ಬನ ದಿನಚರಿ’ಯಲ್ಲಿ ಅವರು ಹೊಟ್ಟೆಯೊಳಗೆ ಕ್ಯಾನ್ಸರ್ ಹೊತ್ತ ಎಳೆಯ ಪಾದ್ರಿ. ಆತ ಅನ್ನಾಹಾರ ಒಗ್ಗದವನು, ಊರಿಗೆ ಬೇಡವಾದವನು, ರಾತ್ರಿಯಿಡೀ ನಿದ್ದೆಗೆಟ್ಟು ಶಾಲೆಯ ನೋಟ್‌ಬುಕ್ಕಿನಲ್ಲಿ ಬರೆಯುತ್ತ ಕೂರುವವನು, ಪ್ರಾರ್ಥಿಸಲು ಕೂತರೆ ಪ್ರಾರ್ಥನೆ ಬಾರದವನು. ಆ ಚಿತ್ರ ನೋಡಿದವರು ಅವನ ಕಣ್ಣನ್ನು ಮರೆಯುವುದಿಲ್ಲ. ನಿದ್ದೆಯೇ ಇಲ್ಲದ ಆ ಕಣ್ಣಿನ ಮನುಷ್ಯ ಕೊನೆಗೆ ಒಂದು ದೇಶದ ಮಕ್ಕಳಿಗೆಲ್ಲ ನಿದ್ದೆ ಹಂಚುವ ಕೆಲಸ ಹಿಡಿದರು. ಇದನ್ನು ಕಾಕತಾಳೀಯ ಎಂದು ಬಿಟ್ಟುಬಿಡಬಹುದು. ನನಗೆ ಬಿಡಲು ಆಗುತ್ತಿಲ್ಲ.

ಲೇದು ಹುಟ್ಟಿದ್ದು 1927ರಲ್ಲಿ, ಬೆಲ್ಜಿಯಂನ ಬ್ರಸೆಲ್ಸ್‌ನಲ್ಲಿ. ಪ್ಯಾರಿಸ್ಸಿಗೆ ಬಂದು ರಂಗಭೂಮಿ ಸೇರಿದರು. ಜಾನ್ ಲೂಯಿ ಬರೋ ಅವರ ನಾಟಕ ತಂಡದಲ್ಲಿದ್ದರು. ಸಿನಿಮಾದ ಕ್ಯಾಮೆರಾ ಅವರನ್ನು ಅಲ್ಲಿಯವರೆಗೆ ಕಂಡಿರಲಿಲ್ಲ. ಬ್ರೆಸೊನ್ ಹುಡುಕುತ್ತಿದ್ದದ್ದು ಬಹುಶಃ ಅಂಥ ಮುಖವನ್ನೇ.

ಚಿತ್ರದ ಮೂಲ ಜಾರ್ಜ್ ಬರ್ನಾನೋಸ್ 1936ರಲ್ಲಿ ಪ್ರಕಟಿಸಿದ ಕಾದಂಬರಿ. ಅದೇ ವರ್ಷ ಅದಕ್ಕೆ ಫ್ರೆಂಚ್ ಅಕಾಡೆಮಿಯ ಕಾದಂಬರಿ ಪ್ರಶಸ್ತಿ ಬಂತು. ಬರ್ನಾನೋಸ್ ಬಾಲ್ಯ ಕಳೆದದ್ದು ಉತ್ತರ ಫ್ರಾನ್ಸಿನ ಪಾ-ದ-ಕಾಲೆ ಸೀಮೆಯ ಫ್ರೆಸ್ಸಾಂ ಎಂಬ ಹಳ್ಳಿಯಲ್ಲಿ. ಕೆಸರು ದಾರಿ, ಬೂದು ಆಕಾಶ, ಮಳೆಯಲ್ಲಿ ನೆನೆದ ಹೊಲ ಇರುವ ಸೀಮೆ. ಕಾದಂಬರಿಯಲ್ಲಿ ಪಾದ್ರಿಯ ಊರಾದ ಆಂಬ್ರಿಕೂರ್ ಮತ್ತು ತೊರ್ಸಿ ಎರಡೂ ಅಲ್ಲಿನ ನಿಜವಾದ ಹಳ್ಳಿಗಳೇ. ಚಿತ್ರೀಕರಣಕ್ಕೂ ಬ್ರೆಸೊನ್ ಅದೇ ಸೀಮೆಗೆ ಹೋದರು. ಇದಕ್ಕೆ ಮುಂಚೆ ಒರಾಂಶ್ ಮತ್ತು ಬೋಸ್ತ್ ಎಂಬ ಹೆಸರಾಂತ ಜೋಡಿ ಈ ಕಾದಂಬರಿಗೆ ಚಿತ್ರಕಥೆ ಬರೆದಿತ್ತು. ಬರ್ನಾನೋಸ್ ಅದನ್ನು ಒಪ್ಪಲಿಲ್ಲ. 1954ರಲ್ಲಿ ವಿಮರ್ಶಕ ಫ್ರಾಂಸ್ವಾ ತ್ರುಫೋ ಫ್ರೆಂಚ್ ಚಿತ್ರರಂಗವನ್ನೇ ಅಲುಗಾಡಿಸಿದ ಲೇಖನ ಬರೆದಾಗ ಈ ಪ್ರಸಂಗವನ್ನೇ ಮುಂದಿಟ್ಟು ವಾದಿಸಿದ್ದು. ಬರ್ನಾನೋಸ್ 1948ರಲ್ಲಿ ತೀರಿಕೊಂಡರು. ತನ್ನ ಪಾದ್ರಿಗೆ ದೊರೆತ ಮುಖವನ್ನು ಅವರು ನೋಡಲಿಲ್ಲ.

ತಯಾರಿ ನಡೆದ ರೀತಿ ವಿಶೇಷ. ಒಂದು ವರ್ಷಕ್ಕೂ ಹೆಚ್ಚು ಕಾಲ ಭಾನುವಾರಗಳಂದು ಬ್ರೆಸೊನ್ ಮತ್ತು ಲೇದು ಕೂತು ಪಾತ್ರದ ಬಗ್ಗೆ ಮಾತಾಡುತ್ತಿದ್ದರಂತೆ. ಲೇದು ಎಳೆಯ ಪಾದ್ರಿಗಳ ನಡುವೆ ಹೋಗಿ ಇದ್ದರು. ನಿಲುವಂಗಿ ತೊಟ್ಟು ನಡೆಯುವುದು, ಕೂರುವುದು ಮೈಗೆ ಹತ್ತುವವರೆಗೂ ಇದ್ದರು. ಪಾತ್ರದ ಬಳಲಿಕೆ ಮುಖಕ್ಕೆ ಬರಲೆಂದು ಉಪವಾಸ ಮಾಡಿದರು. ಇಷ್ಟೆಲ್ಲ ಆದಮೇಲೆ ಬ್ರೆಸೊನ್ ಸೆಟ್ಟಿನಲ್ಲಿ ಕೇಳಿದ್ದು ಒಂದೇ: ನಟಿಸಬೇಡ. ಮಾತಿಗೆ ಬಣ್ಣ ಹಚ್ಚಬೇಡ, ಭಾವ ತುಂಬಬೇಡ, ನಿನಗೆ ನೀನೇ ಓದಿಕೊಂಡಂತೆ ಹೇಳು. ರಂಗಭೂಮಿಯಲ್ಲಿ ಕೊನೆಯ ಸಾಲಿನ ಪ್ರೇಕ್ಷಕನಿಗೂ ಕೇಳುವ ಹಾಗೆ ಮಾತಾಡಲು ಕಲಿತ ಹುಡುಗನಿಗೆ ಕಲಿತದ್ದನ್ನು ಕೆಳಗಿಡು ಎನ್ನುವುದು ಎಷ್ಟು ಕಠಿಣವಾದ ಬೇಡಿಕೆ! ಲೇದು ಇಟ್ಟರು.

ಆಮೇಲೆ ಅವರು ಹೇಳಿಕೊಂಡ ಒಂದು ಮಾತು ಪ್ರಸಿದ್ಧವಾಗಿದೆ. ತಾನು ಮಾಡುತ್ತಿರುವುದು ಒಬ್ಬ ಸಂತನ ಪಾತ್ರ ಎಂಬುದು ಪೂರ್ತಿಯಾದ ಚಿತ್ರವನ್ನು ತೆರೆಯ ಮೇಲೆ ನೋಡುವವರೆಗೂ ಅವರಿಗೆ ತಿಳಿದಿರಲಿಲ್ಲವಂತೆ. ಎಷ್ಟು ಸಲ ಯೋಚಿಸಿದರೂ ನನಗೆ ಇದು ಹೊಸದಾಗಿಯೇ ತೋರುತ್ತದೆ. ಕಾದಂಬರಿಯ ಪಾದ್ರಿಯ ಸ್ಥಿತಿಯೂ ಅದೇ ಅಲ್ಲವೇ? ತನ್ನಿಂದ ಏನೂ ಆಗುತ್ತಿಲ್ಲ, ಊರಿಗೆ ತಾನೊಂದು ಹೊರೆ, ದೇವರ ಕೆಲಸವನ್ನು ಕೆಡಿಸುತ್ತಿದ್ದೇನೆ ಎಂದೇ ಅವನು ದಿನಚರಿ ತುಂಬ ಬರೆದುಕೊಳ್ಳುತ್ತಾನೆ. ಅವನ ಹಿರಿಮೆ ಕಾಣುವುದು ಓದುವ ನಮಗೆ, ಬರೆಯುವ ಅವನಿಗಲ್ಲ. ನಟನಿಗೂ ಅದು ಗೊತ್ತಾಗಬಾರದೆಂದು ಬ್ರೆಸೊನ್ ಕಾಪಾಡಿಕೊಂಡರೋ, ತಾನಾಗಿ ಹಾಗಾಯಿತೋ, ಅಂತೂ ಪಾತ್ರದ ಅರಿವಿಲ್ಲದಿರುವಿಕೆ ಮತ್ತು ನಟನ ಅರಿವಿಲ್ಲದಿರುವಿಕೆ ಒಂದರೊಳಗೊಂದು ಕೂಡಿಕೊಂಡವು. ಒಳ್ಳೆಯತನವನ್ನು ನಟಿಸಿ ತೋರಿಸಿದ ಚಿತ್ರಗಳು ಬೇಕಾದಷ್ಟಿವೆ, ಬಹುಪಾಲು ನೋಡಲಾಗುವುದಿಲ್ಲ. ತಾನು ಒಳ್ಳೆಯವನೆಂದು ಪಾತ್ರಕ್ಕೆ ಗೊತ್ತಾದ ಗಳಿಗೆಯಲ್ಲಿ ಅದು ಕೆಟ್ಟುಹೋಗುತ್ತದೆ. ಈ ಚಿತ್ರದಲ್ಲಿ ಆ ಗಳಿಗೆ ಒಮ್ಮೆಯೂ ಬರುವುದಿಲ್ಲ.

ಕೋಟೆಮನೆಯ ಕೌಂಟೆಸ್ ಜೊತೆಗಿನ ದೃಶ್ಯವನ್ನೇ ತೆಗೆದುಕೊಳ್ಳಿ. ಆಕೆಯ ಪುಟ್ಟ ಮಗ ಸತ್ತುಹೋಗಿದ್ದಾನೆ. ಅಂದಿನಿಂದ ದೇವರ ಮೇಲೆ ತಣ್ಣನೆಯ ಹಗೆ ಸಾಧಿಸಿಕೊಂಡು ಮನೆಯ ಮೂಲೆಯಲ್ಲಿ ಕೂತಿದ್ದಾಳೆ. ಪಾದ್ರಿ ಅವಳಿಗಿಂತ ಎಷ್ಟೋ ಚಿಕ್ಕವನು, ಸವೆದ ನಿಲುವಂಗಿಯವನು, ಅಲ್ಲಿ ನಿಲ್ಲಲೂ ತ್ರಾಣವಿಲ್ಲದವನು. ಮಾತು ನಡೆಯುತ್ತದೆ. ಹೊರಗೆ ತೋಟದಲ್ಲಿ ಯಾರೋ ಒಣ ಎಲೆಗಳನ್ನು ಬಾಚುವ ಸದ್ದು ಬರುತ್ತಲೇ ಇರುತ್ತದೆ. ಒಬ್ಬಳ ಇಡೀ ಬಾಳು ಒಂದು ಕೋಣೆಯೊಳಗೆ ಮಗುಚಿಬೀಳುತ್ತಿದೆ, ಹೊರಗೆ ಯಾರೋ ಕೂಲಿ ಕೆಲಸ ಮಾಡುತ್ತಿದ್ದಾರೆ. ಕೊನೆಗೆ ಅವಳು ಸೋಲುತ್ತಾಳೆ, ಅಥವಾ ಗೆಲ್ಲುತ್ತಾಳೆ. ಮಗನ ಗುರುತಿನ ಪದಕವನ್ನು ಕೊರಳಿಂದ ಕಿತ್ತು ಬೆಂಕಿಗೆ ಎಸೆಯುತ್ತಾಳೆ. ಪಾದ್ರಿ ತಟ್ಟನೆ ಬೆಂಕಿಗೆ ಕೈಹಾಕಿ ಅದನ್ನು ತೆಗೆಯುತ್ತಾನೆ. ಅಲ್ಲಿ ಲೇದು ಮುಖವನ್ನು ಹಿಂಡುವುದಿಲ್ಲ, ಕೂಗುವುದಿಲ್ಲ. ಕೈ ಸುಟ್ಟದ್ದು ನಮಗೆ ನೋಯುವುದು ಅದಕ್ಕೇ ಇರಬೇಕು.

ಅದೇ ರಾತ್ರಿ ಕೌಂಟೆಸ್ ಸಾಯುತ್ತಾಳೆ. ಸಾಯುವ ಮೊದಲು ಪಾದ್ರಿಗೆ ಕಾಗದ ಬರೆದು ಕಳಿಸಿದ್ದಾಳೆ, ತನಗೆ ನೆಮ್ಮದಿ ಸಿಕ್ಕಿತೆಂದು. ಊರೆಲ್ಲ ಆಡಿಕೊಳ್ಳುವುದೇ ಬೇರೆ: ಈ ಪಾದ್ರಿ ಏನೋ ಅಂದು ಅವಳನ್ನು ಕಂಗೆಡಿಸಿದ, ಅದಕ್ಕೇ ಸತ್ತಳು. ಕಿಟಕಿಯಾಚೆ ನಿಂತು ಅರ್ಧಂಬರ್ಧ ಕೇಳಿಸಿಕೊಂಡ ಮಗಳು ಶಾಂತಾಲ್ ಅದನ್ನು ಹಬ್ಬಿಸುತ್ತಾಳೆ. ಆ ಕಾಗದವನ್ನೊಮ್ಮೆ ತೋರಿಸಿದ್ದರೆ ಎಲ್ಲರ ಬಾಯಿ ಮುಚ್ಚುತ್ತಿತ್ತು. ಪಾದ್ರಿ ತೋರಿಸುವುದಿಲ್ಲ. ಅದು ಅವಳ ಗುಟ್ಟು, ತನ್ನ ರಕ್ಷಣೆಗೆ ಬಳಸುವಂಥದ್ದಲ್ಲ ಎಂದು ಅವನ ಮನಸ್ಸು ತೀರ್ಮಾನಿಸಿದ್ದನ್ನು ನಾವು ಮುಖದಿಂದಲೇ ಓದಿಕೊಳ್ಳಬೇಕು. ಬಾಯಲ್ಲಿ ಹೇಳುವುದಿಲ್ಲ. ನಟನೊಬ್ಬ ‘ಹೇಳದಿರುವುದನ್ನು’ ಇಷ್ಟು ಸ್ಪಷ್ಟವಾಗಿ ತೋರಿಸಿದ್ದನ್ನು ನಾನು ಬೇರೆಲ್ಲೂ ನೋಡಿಲ್ಲ ಎಂದರೆ ಅದು ಅತಿಶಯೋಕ್ತಿಯಲ್ಲ.

ಈ ಕತ್ತಲ ಚಿತ್ರದಲ್ಲಿ ಒಂದು ಪ್ರಸಂಗ ಮಾತ್ರ ಬೆಳಕಿನದು. ಕೌಂಟೆಸ್‌ಳ ಸಂಬಂಧಿ ಒಲಿವಿಯೆ ಎಂಬ ಸೈನಿಕ ದಾರಿಯಲ್ಲಿ ಸಿಕ್ಕು ತನ್ನ ಮೋಟಾರ್ ಸೈಕಲ್ ಹತ್ತಿಸಿಕೊಳ್ಳುತ್ತಾನೆ. ಪಾದ್ರಿ ಹಿಂದೆ ಕೂರುತ್ತಾನೆ. ಗಾಡಿ ಹೊರಡುತ್ತದೆ. ಗಾಳಿಗೆ ಒಡ್ಡಿದ ಆ ಮುಖದಲ್ಲಿ ಮೊದಲ ಸಲ ಒಂದು ನಗು ಬಿರಿಯುತ್ತದೆ. ತನಗೂ ಒಂದು ಪ್ರಾಯವಿತ್ತು, ಅದು ಇಲ್ಲೇ ಎಲ್ಲೋ ಕಾಯುತ್ತಿತ್ತು ಎಂದು ಅವನಿಗೆ ಅನ್ನಿಸುತ್ತದೆ. ಚಿತ್ರದ ಅಷ್ಟು ಹೊತ್ತೂ ಮುದುಕನಂತೆ ಬಾಗಿದ್ದ ಆ ದೇಹ ಇಪ್ಪತ್ತರ ಹರೆಯದ ಹುಡುಗನದೆಂದು ನಮಗೂ ಆಗಲೇ ಹೊಳೆಯುವುದು. ಲೇದು ಅವರಿಗೂ ಆಗ ಹೆಚ್ಚೆಂದರೆ ಇಪ್ಪತ್ತಮೂರು. ಆ ಸವಾರಿ ಮುಗಿದದ್ದೇ ಪಾದ್ರಿ ಲೀಲ್ ನಗರದ ವೈದ್ಯರಲ್ಲಿಗೆ ಹೋಗುತ್ತಾನೆ, ರೋಗದ ಹೆಸರು ಕೇಳಿಸಿಕೊಳ್ಳುತ್ತಾನೆ.

ಅಲ್ಲಿಂದ ಮುಂದೆ ಬ್ರೆಸೊನ್ ಮಾಡಿದ್ದು ಧೈರ್ಯದ ಕೆಲಸ. ಸಾವನ್ನು ತೋರಿಸಲಿಲ್ಲ. ಬಿಳಿಯ ತೆರೆಯ ಮೇಲೆ ಶಿಲುಬೆಯೊಂದರ ಕಪ್ಪು ಆಕೃತಿ ಮಾತ್ರ. ಸ್ನೇಹಿತ ಬರೆದ ಕಾಗದವನ್ನು ಒಂದು ಧ್ವನಿ ಓದುತ್ತದೆ. ಅಷ್ಟು ಹೊತ್ತು ನಾವು ನಂಬಿ ಹಿಡಿದಿದ್ದ ಲೇದು ಅವರ ಮುಖವನ್ನು ನಿರ್ದೇಶಕ ತೆರೆಯಿಂದ ತೆಗೆದುಬಿಡುತ್ತಾರೆ. 1951ರ ಜೂನ್‌ನಲ್ಲಿ ‘ಕಾಯೇ ದು ಸಿನಿಮಾ’ ಪತ್ರಿಕೆಯ ಮೂರನೆಯ ಸಂಚಿಕೆಯಲ್ಲಿ ಆಂದ್ರೆ ಬಜಾಂ ಈ ಚಿತ್ರದ ಬಗ್ಗೆ ಬರೆದ ಪ್ರಬಂಧ ಇವತ್ತಿಗೂ ಸಿನಿಮಾ ವಿಮರ್ಶೆಯ ಮೇಲ್ಪಂಕ್ತಿಗಳಲ್ಲೊಂದು. ಅದೇ ವರ್ಷ ವೆನಿಸ್ ಉತ್ಸವದಲ್ಲಿ ಮೊದಲ ಬಹುಮಾನ ಕುರೊಸಾವಾ ಅವರ ‘ರಾಶೋಮೋನ್’ಗೆ ಹೋಯಿತು. ‘ದಿನಚರಿ’ಗೂ ಗೌರವ ಸಂದಿತು, ಛಾಯಾಗ್ರಾಹಕ ಲಿಯೋನ್ಸ್ ಆನ್ರಿ ಬ್ಯುರೆಲ್ ಅವರಿಗೆ ಬಹುಮಾನ ಬಂತು. ರಷ್ಯದ ನಿರ್ದೇಶಕ ತಾರ್ಕೊವ್‌ಸ್ಕಿ ತನ್ನ ಮೆಚ್ಚಿನ ಚಿತ್ರಗಳ ಪಟ್ಟಿ ಮಾಡಿದಾಗ ಇದನ್ನೇ ಮೊದಲು ಬರೆದರು. ಪಾಲ್ ಶ್ರೇಡರ್ ಬರೆದ ‘ಟ್ಯಾಕ್ಸಿ ಡ್ರೈವರ್’ನಲ್ಲಿ ನಿದ್ದೆ ಬಾರದ ಟ್ರಾವಿಸ್ ರಾತ್ರಿ ಕೂತು ದಿನಚರಿ ಬರೆಯುವುದು, 2017ರ ‘ಫಸ್ಟ್ ರಿಫಾರ್ಮ್ಡ್’ನಲ್ಲಿ ರೋಗಿಷ್ಠ ಪಾದ್ರಿ ನೋಟ್‌ಬುಕ್ ತೆರೆಯುವುದು, ಎರಡೂ ಇಲ್ಲಿಂದ ಹೊರಟ ತೊರೆಗಳು. ನಮ್ಮ ದೇಶದಲ್ಲಿ ನಿರ್ದೇಶಕ ಮಣಿ ಕೌಲ್ ಬ್ರೆಸೊನ್ ಅವರನ್ನು ಗುರುವಿನಂತೆ ಕಂಡರು.

ಇಷ್ಟೆಲ್ಲ ತೊರೆಗಳಿಗೆ ನೀರುಣಿಸಿದ ಆ ಮುಖ ಏನಾಯಿತು?

ಮೊದಲಿಗೆ ಎಲ್ಲ ನಟರ ಬಾಳಿನಲ್ಲಿ ಆಗುವುದೇ ಆಯಿತು. 1952ರಲ್ಲಿ ಆಂದ್ರೆ ಕಯಾತ್ ಅವರ ‘ನಾವೆಲ್ಲರೂ ಕೊಲೆಗಾರರು’ ಚಿತ್ರದಲ್ಲಿ ಲೇದು ಎಳೆಯ ವಕೀಲ. ಮರಣದಂಡನೆಯ ವಿರುದ್ಧ ಮಾಡಿದ ಚಿತ್ರವದು. ಫ್ರಾನ್ಸ್ ಆ ಶಿಕ್ಷೆಯನ್ನು ಕೈಬಿಟ್ಟದ್ದು 1981ರಲ್ಲಿ. 1953ರಲ್ಲಿ ಓತಾಂ ಲಾರಾ ಅವರ ಚಿತ್ರವೊಂದರಲ್ಲಿ ದಾನಿಯೆಲ್ ದಾರಿಯೂ ಜೊತೆ ಕಾಣಿಸಿಕೊಂಡರು. 1954ರಲ್ಲಿ ಇಟಲಿಗೆ ಹೋಗಿ, ಆಂಥೊನಿ ಕ್ವಿನ್ ಅಟ್ಟಿಲನಾಗಿ, ಸೋಫಿಯಾ ಲೊರೆನ್ ಹೊನೋರಿಯಾ ಆಗಿ ಮಾಡಿದ ‘ಅಟ್ಟಿಲ’ದಲ್ಲಿ ರೋಮಿನ ದುರ್ಬಲ ಚಕ್ರವರ್ತಿ ವ್ಯಾಲೆಂಟಿನಿಯನ್ ಆದರು. ಸವೆದ ನಿಲುವಂಗಿಯ ಹುಡುಗ ಮೂರು ವರ್ಷದಲ್ಲಿ ಕಿರೀಟ ತೊಟ್ಟ. ಆ ಚಿತ್ರಗಳಲ್ಲಿ ಅವರು ಕೆಟ್ಟದಾಗಿ ನಟಿಸಿದರೆಂದಲ್ಲ. ಅಲ್ಲಿ ಅವರು ಸರಿಯಾಗಿ ಕೆಲಸ ಮಾಡುವ ಒಬ್ಬ ನಟ, ಅಷ್ಟೇ. ‘ದಿನಚರಿ’ಯಲ್ಲಿ ಅವರು ಇನ್ನೇನೋ ಆಗಿದ್ದರು. ಆ ಇನ್ನೇನೋ ಎರಡನೆಯ ಸಲ ಬರಲಿಲ್ಲ. ಯಾರೂ ಕರೆದು ಬರುವಂಥದ್ದೂ ಆಗಿರಲಿಲ್ಲ.

ಬ್ರೆಸೊನ್ ಮುಟ್ಟಿದ ಮುಖಗಳ ಕತೆಯೇ ವಿಚಿತ್ರ. ಮುಂದೆ ಅವರು ಕಸುಬಿನ ನಟರನ್ನು ಪೂರ್ತಿ ಬಿಟ್ಟರು. ಬೀದಿಯಿಂದ, ಕಾಲೇಜಿನಿಂದ ಮುಖಗಳನ್ನು ಆರಿಸಿ ತಂದು, ಹೆಚ್ಚುಕಡಿಮೆ ಒಂದೇ ಸಲ ಬಳಸಿ, ಮತ್ತೆ ಕರೆಯುತ್ತಿರಲಿಲ್ಲ. ‘ಮರಣದಂಡನೆಗೆ ಗುರಿಯಾದವನೊಬ್ಬ ತಪ್ಪಿಸಿಕೊಂಡ’ ಚಿತ್ರದ ಫ್ರಾಂಸ್ವಾ ಲೆತೆರಿಯೆ ಆಗ ತತ್ವಶಾಸ್ತ್ರದ ವಿದ್ಯಾರ್ಥಿ. ಮುಂದೆ ತಾವೇ ನಿರ್ದೇಶಕರಾದರು. ‘ಪಿಕ್‌ಪಾಕೆಟ್’ನ ಮಾರ್ತಿನ್ ಲಸಾಲ್ ಮೆಕ್ಸಿಕೋ ಸೇರಿ ಅಲ್ಲಿ ನಟರಾದರು. ‘ಓ ಅಜಾರ್ ಬಲ್ತಜಾರ್’ನ ಆನ್ ವಿಯಜೆಮ್‌ಸ್ಕಿ ಕಾದಂಬರಿಕಾರ್ತಿಯಾದರು. ದೊಮಿನೀಕ್ ಸಾಂದಾ ಒಬ್ಬರು ದೊಡ್ಡ ತಾರೆಯಾದರು. 2003ರಲ್ಲಿ ಬಾಬೆತ್ ಮಾಂಗೋಲ್ತ್ ‘ಪಿಕ್‌ಪಾಕೆಟ್’ನ ಮೂವರನ್ನು ಹುಡುಕಿಕೊಂಡು ಹೋಗಿ ಒಂದು ಸಾಕ್ಷ್ಯಚಿತ್ರವನ್ನೇ ಮಾಡಿದರು. ಅಷ್ಟು ವರ್ಷಗಳ ಮೇಲೂ ಆ ಒಂದು ಚಿತ್ರದ ಕೆಲಸ ಅವರೊಳಗೆ ಉಳಿದುಕೊಂಡಿತ್ತು.

‘ದಿನಚರಿ’ಯಲ್ಲೇ ನೋಡಿ: ತೊರ್ಸಿಯ ಅನುಭವಿ ಹಿರಿಯ ಪಾದ್ರಿಯಾಗಿ ಬಂದವರು ನಟರೇ ಅಲ್ಲ, ಆದ್ರಿಯಾಂ ಬೊರೆಲ್ ಎಂಬ ಮನೋವಿಶ್ಲೇಷಕ. ಪ್ಯಾರಿಸ್ಸಿನ ಮನೋವಿಶ್ಲೇಷಣ ಸಂಘವನ್ನು ಕಟ್ಟಿದವರಲ್ಲಿ ಒಬ್ಬರು, ಲೇಖಕ ಜಾರ್ಜ್ ಬತಾಯ್ ಅವರಿಗೆ ಚಿಕಿತ್ಸೆ ಕೊಟ್ಟವರು. ಚಿತ್ರದಲ್ಲಿ ಹೆಸರು ಬದಲಿಸಿಕೊಂಡಿದ್ದರು. ಬಾಳಿಡೀ ಪರರ ಒಳಮನಸ್ಸಿನ ಮಾತು ಕೇಳಿದ ಆ ವೈದ್ಯರು ಇಲ್ಲಿ ಎಳೆಯ ಪಾದ್ರಿಯ ಭುಜ ಹಿಡಿದು ಬುದ್ಧಿ ಹೇಳುತ್ತಾರೆ, ಹೇಳುತ್ತ ಹೇಳುತ್ತ ಅವನ ಮುಂದೆ ತಾವೇ ಚಿಕ್ಕವರಾಗುತ್ತಾರೆ. ಶಾಂತಾಲ್ ಪಾತ್ರದ ನಿಕೋಲ್ ಲಾದ್ಮಿರಾಲ್ ಅವರದು ನೋವಿನ ಕತೆ. ಕಸಾಯಿಖಾನೆಗಳ ಬಗ್ಗೆ ಜಾರ್ಜ್ ಫ್ರಾಂಜು ಮಾಡಿದ ಪ್ರಸಿದ್ಧ ಕಿರುಚಿತ್ರಕ್ಕೆ ಧ್ವನಿ ಕೊಟ್ಟವರು ಅವರೇ. ಇನ್ನೂ ಎಳೆವಯಸ್ಸಿನಲ್ಲಿ, 1958ರಲ್ಲಿ, ತಮ್ಮ ಬಾಳನ್ನು ತಾವೇ ಮುಗಿಸಿಕೊಂಡರು. ಹಟಮಾರಿ ಶಾಂತಾಲ್‌ಳನ್ನು ತೆರೆಯ ಮೇಲೆ ನೋಡುವಾಗಲೆಲ್ಲ ಇದು ನೆನಪಾಗಿ ನನಗೆ ಕಣ್ಣು ಒರೆಸಿಕೊಳ್ಳುವಂತಾಗುತ್ತದೆ. ಪಾದ್ರಿ ಅವಳಿಗೆ ಹೇಳಲು ಬಂದದ್ದನ್ನು ಯಾರಾದರೂ ಆ ನಟಿಗೆ ಹೇಳಬಾರದಿತ್ತೇ ಎನ್ನಿಸುತ್ತದೆ.

ಹಾಗಿರುವಾಗ ಲೇದು ಹಿಡಿದ ದಾರಿ ಎಷ್ಟು ಬೇರೆ! ಒಮ್ಮೆ ಶಿಖರ ಮುಟ್ಟಿದ ನಟ ಮತ್ತೆ ಅದನ್ನೇ ಹುಡುಕುತ್ತ ಕಹಿಯಾಗುವುದನ್ನು ನಾವು ಎಲ್ಲ ಭಾಷೆಯ ಚಿತ್ರರಂಗಗಳಲ್ಲೂ ನೋಡಿದ್ದೇವೆ. ಲೇದು ಕಹಿಯಾಗಲಿಲ್ಲ. ಐವತ್ತರ ದಶಕ ಮುಗಿಯುವಷ್ಟರಲ್ಲಿ ತೆರೆಯಿಂದ ಮೆಲ್ಲಗೆ ಸರಿಯತೊಡಗಿದರು. ಹೆಂಡತಿ ಕ್ರಿಸ್ತೀನ್ ಜೊತೆ ಸೇರಿ ಬೊಂಬೆಗಳ ಕೆಲಸಕ್ಕೆ ಕೈಹಾಕಿದರು. ಬೊಂಬೆಯಾಟದಲ್ಲಿ ಮನುಷ್ಯನ ಮುಖ ಕಾಣಬಾರದು, ಆಡಿಸುವವರು ಮರೆಯಲ್ಲಿರಬೇಕು. ‘ದಿನಚರಿ’ಯ ಕೊನೆಯಲ್ಲಿ ಬ್ರೆಸೊನ್ ಈ ನಟನ ಮುಖವನ್ನು ತೆರೆಯಿಂದ ತೆಗೆದಿದ್ದರಲ್ಲ, ಹತ್ತು ವರ್ಷದ ಮೇಲೆ ಅದನ್ನು ಲೇದು ತಾವಾಗಿಯೇ ಮಾಡಿದರು.

ನೂನೂರ್ಸ್ ಕರಡಿಯ ಮಾತು ಕೇಳಿದರೆ ಇನ್ನೊಂದು ಸಂಗತಿ ಗಮನಕ್ಕೆ ಬರುತ್ತದೆ. ಅದು ಮಕ್ಕಳಿಗೆ ಪಾಠ ಹೇಳುವುದಿಲ್ಲ. ಅಬ್ಬರವಿಲ್ಲ, ಬಿದ್ದೇಳುವ ಹಾಸ್ಯವಿಲ್ಲ, ಅಟ್ಟಿಸಿಕೊಂಡು ಓಡುವುದಿಲ್ಲ. ಬೆಚ್ಚಗಿನ ದಪ್ಪ ಧ್ವನಿಯಲ್ಲಿ, ಅವಸರವಿಲ್ಲದೆ, ಇವತ್ತಿನ ದಿನ ಹೇಗೆ ಕಳೆಯಿತೆಂದು ಕೇಳುತ್ತದೆ. ಮಕ್ಕಳು ತಪ್ಪು ಒಪ್ಪಿಕೊಂಡರೆ ಬೈಯುವುದಿಲ್ಲ. ಹೋಗುವಾಗ ಒಳ್ಳೆಯ ಕನಸು ಬೀಳಲಿ ಎಂದು ಹಾರೈಸುತ್ತದೆ. ದಿನದ ಕೊನೆಗೆ ಒಬ್ಬರು ಬಂದು ಹಾಸಿಗೆಯ ಪಕ್ಕ ಕೂತು, ಮನಸ್ಸಿನಲ್ಲಿದ್ದದ್ದನ್ನು ಕೇಳಿಸಿಕೊಂಡು, ಹಗುರ ಮಾಡಿ ಹೋಗುವುದು. ಪಾದ್ರಿಯ ಕೆಲಸವೂ ಅದೇ ಆಗಿತ್ತಲ್ಲ! ಆಂಬ್ರಿಕೂರಿನ ಜನ ಅವನಿಗೆ ಅದನ್ನು ಮಾಡಗೊಡಲಿಲ್ಲ. ಧರ್ಮಪಾಠಕ್ಕೆ ಬಂದ ಹುಡುಗಿಯರು ಕೂಡ ಮೊದಮೊದಲು ಅವನನ್ನು ಗೇಲಿ ಮಾಡಿದರು. ಅವರಲ್ಲೇ ಒಬ್ಬಳು, ಸೆರಾಫಿತಾ ಎಂಬ ಪುಟ್ಟ ಹುಡುಗಿ, ಒಂದು ರಾತ್ರಿ ಅವನು ಕೆಸರಿನಲ್ಲಿ ಬಿದ್ದು ಎಚ್ಚರತಪ್ಪಿದಾಗ ಲಾಂದ್ರ ಹಿಡಿದು ಬಂದು ಮುಖ ಒರೆಸುತ್ತಾಳೆ. ಆ ಒಂದು ಗಳಿಗೆ ಬಿಟ್ಟರೆ ಆ ಊರಿನ ಯಾವ ಮಗುವೂ ಅವನ ಬಳಿ ಸುಳಿಯಲಿಲ್ಲ. 1962ರ ಬಳಿಕ ಫ್ರಾನ್ಸಿನ ಮಕ್ಕಳೆಲ್ಲ ದಿನದ ಕೊನೆಗೆ ಅದೇ ಮನುಷ್ಯನಿಗಾಗಿ ಕಾದರು, ಅವನು ಯಾರೆಂದು ಗೊತ್ತಿಲ್ಲದೆ.

ಇದನ್ನು ಲೇದು ಯೋಜಿಸಿ ಮಾಡಿದರೆಂದು ನಾನು ಹೇಳುತ್ತಿಲ್ಲ. ಯೋಜಿಸಿದ್ದರೆ ಇಷ್ಟು ಬೆರಗಿರುತ್ತಿರಲಿಲ್ಲ. ಹೊಟ್ಟೆಪಾಡು, ಅವಕಾಶ, ಹೊಸದಾಗಿ ಬೆಳೆಯುತ್ತಿದ್ದ ಟೆಲಿವಿಷನ್, ಮನೆಯಲ್ಲಿದ್ದ ಜೊತೆಗಾತಿಯ ಕೈಚಳಕ, ಹೀಗೆ ನೂರು ಸಾದಾ ಕಾರಣಗಳು ಸೇರಿ ಒಂದು ಬದುಕು ಒಂದು ದಿಕ್ಕಿಗೆ ಹೊರಳುತ್ತದೆ. ಹೊರಳಿದ ಮೇಲೆ ದೂರದಿಂದ ನೋಡುವವರಿಗೆ ಅದರಲ್ಲೊಂದು ಬರಹ ಕಾಣುತ್ತದೆ. ಬದುಕುವವನಿಗೆ ಕಾಣದ ಬರಹ. ಇಲ್ಲಿ ಆ ಬರಹ ಬಲು ಸ್ಪಷ್ಟವಾಗಿದೆ. ನಿದ್ದೆಗೆಟ್ಟ ರಾತ್ರಿಗಳನ್ನು ತನ್ನ ದೇಹದಲ್ಲಿ ಹೊತ್ತವನಿಗೆ ಮಕ್ಕಳ ರಾತ್ರಿಗಳನ್ನು ಕಾಯುವ ಕೆಲಸ ಸಿಕ್ಕಿತು.

ಸಿನಿಮಾ ಇತಿಹಾಸಕಾರರು ಲೇದು ಬಗ್ಗೆ ಬರೆಯುವಾಗ ಸಾಮಾನ್ಯವಾಗಿ ‘ದಿನಚರಿ’ಯ ಬಗ್ಗೆ ನಾಲ್ಕು ಪುಟ ಬರೆದು, ಆಮೇಲಿನದನ್ನು ಒಂದು ಸಾಲಿನಲ್ಲಿ ಮುಗಿಸುತ್ತಾರೆ. ನಟನಾಗಿ ಮುಂದೆ ಹೆಚ್ಚೇನೂ ಮಾಡಲಿಲ್ಲ, ಮಕ್ಕಳ ಕಾರ್ಯಕ್ರಮಕ್ಕೆ ಹೋದರು ಎಂಬಂಥ ಸಾಲು. ಆ ‘ಹೋದರು’ ಎನ್ನುವುದರಲ್ಲಿ ಒಂದು ಇಳಿತದ ಧ್ವನಿ ಇದೆ. ನಾನು ಒಪ್ಪುವುದಿಲ್ಲ. ಒಂದು ಪೀಳಿಗೆಯ ಮಕ್ಕಳು ಕತ್ತಲೆಗೆ ಹೆದರದೆ ಮಲಗುವಂತೆ ಮಾಡುವುದು ಸಣ್ಣ ಸಾಧನೆಯಲ್ಲ. 1973ರವರೆಗೆ ಆ ಮೋಡ ಫ್ರಾನ್ಸಿನ ಮೇಲೆ ತೇಲಿತು. 1995ರಲ್ಲಿ ಮತ್ತೆ ತೇಲಿಬಂದಾಗ, ಮೊದಲ ಸಲ ನೋಡಿದ ಮಕ್ಕಳು ತಮ್ಮ ಮಕ್ಕಳನ್ನು ಮಡಿಲಲ್ಲಿ ಕೂರಿಸಿಕೊಂಡು ನೋಡುವ ವಯಸ್ಸಿಗೆ ಬಂದಿದ್ದರು. ಯಾವ ಚಿತ್ರೋತ್ಸವದ ತೀರ್ಪುಗಾರರೂ ಕೊಡಲಾಗದ ಗೌರವ ಅದು.

ಕ್ಲೋದ್ ಲೇದು 2011ರ ಜುಲೈನಲ್ಲಿ ತೀರಿಕೊಂಡರು. ಎಂಬತ್ತನಾಲ್ಕು ವರ್ಷವಾಗಿತ್ತು. ಫ್ರಾನ್ಸಿನ ಪತ್ರಿಕೆಗಳು ತಲೆಬರಹದಲ್ಲಿ ಅವರನ್ನು ಕರೆದದ್ದು ‘ಬೊನ್ ನುಯಿ ಲೆ ಪೆತಿ’ಯ ಸೃಷ್ಟಿಕರ್ತ ಎಂದು, ಬ್ರೆಸೊನ್ ಹೆಸರು ಅದರ ನಂತರ ಬಂತು.

‘ಹಳ್ಳಿಯ ಪಾದ್ರಿಯೊಬ್ಬನ ದಿನಚರಿ’ ಈಗ ಶುದ್ಧಗೊಳಿಸಿದ ಪ್ರತಿಯಲ್ಲಿ ನೋಡಲು ಸಿಗುತ್ತದೆ. ನೋಡುವವರಲ್ಲಿ ನನ್ನದೊಂದು ಕೋರಿಕೆ. ಬೇರೆ ಭಾಷೆಗೆ ಡಬ್ ಮಾಡಿದ್ದನ್ನು ನೋಡಬೇಡಿ. ಫ್ರೆಂಚ್ ಬಾರದಿದ್ದರೂ ಮೂಲ ಧ್ವನಿಯಲ್ಲೇ, ಸಬ್‌ಟೈಟಲ್ ಇಟ್ಟುಕೊಂಡು ನೋಡಿ. ಅದರ ಅರ್ಧ ಜೀವ ದಿನಚರಿ ಓದುವ ಲೇದು ಅವರ ದನಿಯಲ್ಲಿದೆ. ರಾತ್ರಿ ಹೊತ್ತು, ಫೋನ್ ಬದಿಗಿಟ್ಟು, ಒಂದೇ ಸಲ ಕೂತು ನೋಡಿ. ಮಾರನೆಯ ದಿನ ನೂನೂರ್ಸ್ ಕರಡಿಯ ಒಂದು ಕಂತನ್ನು ಹುಡುಕಿ, ಮನೆಯಲ್ಲಿ ಮಕ್ಕಳಿದ್ದರೆ ಅವರಿಗೂ ತೋರಿಸಿ.